ಎಣ್ಣೆಗೆ ಕಿವಿ ಕೊಟ್ಟವರು

ಬೆಳಗ್ಗೆ ಐದೂವರೆಗೆ ಎದ್ದೆ, ಹಾಲು ಕಾಯಿಸಿದೆ, ನಮ್ಮ ಮನೆಯವರ ಕನ್ನಡಕ ಹುಡುಕಿಕೊಟ್ಟೆ. ಪುಲ್ಪಳ್ಳಿಯ ಮೊದಲ ಬಸ್ಸು ಹಾರನ್ ಹೊಡೆದು ಹೋಯಿತು. ಎಲ್ಲವೂ ದಿನದಂತೆಯೇ. ಅತ್ತೆ ಗೌರಮ್ಮನವರು ತೀರಿಕೊಂಡು ಅಂದಿಗೆ ವರ್ಷವಾಗಿತ್ತು, ಅಷ್ಟೆ. ಎಡೆಗೆ ಅವರ ಇಷ್ಟದ ಮುಸುಕಿನ ಜೋಳದ ಹಿಟ್ಟಿನ ವಡೆ ಇಡಬೇಕಿತ್ತು. ವರ್ಷದಲ್ಲಿ ನಾಲ್ಕು ಸಲ ಮಾಡಿದ್ದೆ. ಗಡಿಯಾರ ನೋಡಿ ತಿರುವಿದ್ದೆ. ನಾಲ್ಕು ಸಲವೂ ಎಣ್ಣೆಯಲ್ಲೇ ಒಡೆದಿದ್ದವು.

ಅತ್ತೆ ವಡೆಯನ್ನು ಕಿವಿಯಿಂದ ಕರಿಯುತ್ತಿದ್ದರು. ಬಲಗಿವಿ ಮಂದ. ಎಡಗಿವಿಯನ್ನು ಬಾಣಲೆಯತ್ತ ವಾಲಿಸಿ, ಗುಟ್ಟು ಕೇಳುವವರಂತೆ ನಿಲ್ಲುತ್ತಿದ್ದರು. "ಸದ್ದು ಸಣ್ಣಗಾಗೋಗಂಟ ಮುಟ್ಬ್ಯಾಡ ಕೂಸೇ. ಅದಿನ್ನೂ ಮಾತಾಡ್ತಾ ಅದೆ." ಗುಂಡ್ಲುಪೇಟೆ ಕಡೆಯಿಂದ ಮದುವೆಯಾಗಿ ಗಡಿ ದಾಟಿ ಈ ಮಲಯಾಳ ಸೀಮೆಗೆ ಬಂದು ಐವತ್ತು ವರ್ಷವಾದರೂ ಅವರ ಮಾತು ಬದಲಾಗಲಿಲ್ಲ. ಬೇಲಿಯಾಚೆಯ ಮಲಯಾಳಿ ಅಕ್ಕ ರೋಸಿ ಚೇಚಿಯೇ ಅವರೊಡನೆ ಹರಟಿ ಹರಟಿ ಕನ್ನಡ ಕಲಿತರು.

ಅಳತೆ ಅವರಿಗಾಗದು. ಕಾನ್ವೆಂಟ್ ಶಾಲೆಯಲ್ಲಿ ಕಲಿತ ಅಭ್ಯಾಸದಂತೆ ನಾನು ಚಮಚದಲ್ಲಿ ಅಳೆದರೆ, "ಔಸ್ದಿಯಾ ಇದು?" ಎನ್ನುತ್ತಿದ್ದರು. ಆದರೆ ಉಪ್ಪು ಹಾಕಲು ಮರೆಯುತ್ತಿದ್ದರು. ಬಡಿಸುವ ಮುನ್ನ ಎಂಜಲು ಮಾಡಬಾರದೆಂದು ರುಚಿಯನ್ನೂ ನೋಡುತ್ತಿರಲಿಲ್ಲ. ಮೊದಲ ವಡೆ ಬೇಲಿ ದಾಟುತ್ತಿತ್ತು.

"ಅಮ್ಮಚ್ಚೀ, ಉಪ್ಪಿಲ್ಲ!" ಎಂದು ಚೇಚಿ ಕೂಗುತ್ತಿದ್ದರು.

"ಚಟ್ನೀಲಿ ಅದೆ, ತಿನ್ನು."

ಚಟ್ನಿ ಮಾಡಿರುತ್ತಿರಲಿಲ್ಲ.

ಕೊನೆಯ ತಿಂಗಳು ಮಲಗಿದಲ್ಲಿಂದಲೇ ನನ್ನ ಬಾಣಲೆಗೆ ಕಿವಿ ಕೊಟ್ಟಿರುತ್ತಿದ್ದರು. ಒಂದು ಮಧ್ಯಾಹ್ನ, "ಈಗ ತಿರುವಾಕು!" ಎಂದು ಕೂಗಿದರು. ಒಲೆಯ ಮೇಲೆ ಏನೂ ಇರಲಿಲ್ಲ. ಹೊರಗೆ ಹೆಂಚಿನ ಮೇಲೆ ಮಳೆ ಬೀಳುತ್ತಿತ್ತು. ನಾನು ಅಡುಗೆಮನೆಗೆ ಹೋಗಿ, ಸೌಟಿನ ಸದ್ದು ಮಾಡಿ, "ತಿರುವಿದೆ ಅತ್ತೆ" ಎಂದೆ. "ಹ್ಞೂಂ, ಈಗ ಸರಿ ಹೋಯ್ತು" ಎಂದರು.

ವರ್ಷದ ದಿನ ನಾನು ಗಡಿಯಾರವನ್ನು ಗೋಡೆಯ ಕಡೆ ತಿರುಗಿಸಿಟ್ಟೆ. ಬಾಣಲೆಯತ್ತ ವಾಲಿ ಕಾದೆ. ಎಣ್ಣೆ ಜೋರಾಗಿ ಮಾತಾಡಿತು, ಗೊಣಗಿತು, ಸಣ್ಣಗಾಯಿತು. ತಿರುವಿದೆ. ಒಂದೂ ಒಡೆಯಲಿಲ್ಲ. ಎಡೆಯ ಅಡುಗೆಯ ರುಚಿ ನೋಡುವಂತಿಲ್ಲ. ಹಾಗೆಯೇ ಬಾಳೆಲೆಗೆ ಬಡಿಸಿದೆ. ಮನೆಯವರು ನಾಲ್ಕು ವಡೆ ತಿಂದರು. ನಡುವೆ ಉಪ್ಪಿನಕಾಯಿ ಕೇಳಿದರು. ಮಧ್ಯಾಹ್ನ ಒಲೆ ಒರೆಸುವಾಗ ನೋಡಿದರೆ, ನಾನು ಅಳೆದಿಟ್ಟ ಉಪ್ಪು ಬಟ್ಟಲಲ್ಲೇ ಕೂತಿತ್ತು.

ಸಂಜೆ ರೋಸಿ ಚೇಚಿ ಬೇಲಿಯ ಬಳಿ ನಿಂತೇ ಒಂದು ವಡೆ ಮುರಿದು ಬಾಯಿಗೆ ಹಾಕಿಕೊಂಡರು.

"ಅಮ್ಮಚ್ಚಿ ಇವತ್ತೂ ಉಪ್ಪು ಮರೆತ್ರು, ಅಲ್ಲೇ?" ಎಂದರು. "ಇನ್ನೊಂದು ಕೊಡು."