ಹದಿಮೂರು ಸಾವಿರ ಕಾಲುಗಳ ಪಾರ್ವತಿಬಾಯಿ

ಬೆಳಗಿನ ಆರೂವರೆ. ನಾಸಿಕ್ ರೋಡ್ ಕಡೆಯಿಂದ ಬಂದ ಮೊದಲ ಸಿಟಿ ಬಸ್ಸಿಳಿದು ಪಾರ್ವತಿಬಾಯಿ ನಾಸಿಕ್‌ನ ಕಾಲೇಜೊಂದರ ಹಿಂದಿನ ಗೇಟು ದಾಟುತ್ತಾರೆ. ಪ್ರಾಣಿಶಾಸ್ತ್ರ ವಿಭಾಗದ ಬೀಗ ತೆಗೆದು, ಕಸ ಗುಡಿಸಿ, ಕೈ ತೊಳೆದು, ಸೆರಗಿನಿಂದ ಒರೆಸಿಕೊಳ್ಳುತ್ತಾರೆ. ಕಿಟಕಿ ಮಾತ್ರ ತೆರೆಯುವುದಿಲ್ಲ. ಫ್ಯಾನಿನ ಸ್ವಿಚ್ಚಿಗೆ ಕಾಗದದ ಪಟ್ಟಿ ಅಂಟಿಸಿಟ್ಟಿದ್ದಾರೆ, ಯಾರೂ ಮರೆತು ಒತ್ತಬಾರದೆಂದು. ಗಾಳಿ ಬಂದರೆ ಅವರ ಕೆಲಸವೇ ಹಾರಿಹೋಗುತ್ತದೆ.

ಮೇಜಿನ ಮೇಲೆ ಹಳೆಯ ಬಿಸ್ಕತ್ತಿನ ಡಬ್ಬಿ. ಅದರೊಳಗೆ ಹಸಿ ಮರಳು, ಮರಳಿನ ಮೇಲೆ ಕಾಗದ, ಕಾಗದದ ಮೇಲೆ ನಿನ್ನೆಯಿಂದ ಮಲಗಿರುವ ಒಂದು ಒಣ ಮಿಡತೆ. ಒಣಗಿದ ಕೀಟ ಮುಟ್ಟಿದರೆ ಹಪ್ಪಳದಂತೆ ಮುರಿಯುತ್ತದೆ. ಒಂದು ದಿನ ತೇವದಲ್ಲಿಟ್ಟರೆ ಕೀಲುಗಳು ಮೆತ್ತಗಾಗುತ್ತವೆ. ಈ ಮಿಡತೆಯ ಹಿಂಗಾಲೊಂದು ಕಳಚಿ ಪಕ್ಕದಲ್ಲಿ ಬಿದ್ದಿದೆ. ಪಾರ್ವತಿಬಾಯಿ ಕಣ್ಣಿಗೆ ಮಸೂರ ಸಿಕ್ಕಿಸಿಕೊಂಡು, ಚಿಮಟಿಗೆಯಲ್ಲಿ ಕಾಲನ್ನು ಎತ್ತಿ, ಕುಂಚದ ಒಂದೇ ಕೂದಲಿನಲ್ಲಿ ಬಿಳಿ ಅಂಟು ಮುಟ್ಟಿಸಿ, ಉಸಿರು ಬಿಗಿಹಿಡಿದು ಜಾಗಕ್ಕೆ ಕೂರಿಸುತ್ತಾರೆ. ಇಪ್ಪತ್ತರವರೆಗೆ ಎಣಿಸುತ್ತಾರೆ. ಆಮೇಲೆ ಮುಖ ಆ ಕಡೆ ತಿರುಗಿಸಿ ಉಸಿರು ಬಿಡುತ್ತಾರೆ.

"ಇಲ್ಲೇ ಉಸಿರು ಬಿಟ್ರ ಕಾಲು ಹೋಗಿ ಪ್ರಿನ್ಸಿಪಾಲ್ ಸಾಹೇಬ್ರ ಆಫೀಸಿನಾಗ ಬೀಳ್ತದರಿ," ಎಂದು ನಗುತ್ತಾರೆ.

ಅವರಿಗೀಗ ನಲವತ್ತೆಂಟು ವರ್ಷ. ಓದಿದ್ದು ಭಾಲ್ಕಿ ಹತ್ತಿರದ ಊರಿನಲ್ಲಿ ನಾಲ್ಕನೇ ಇಯತ್ತೆ. ಆದರೂ ಈ ಕಾಲೇಜಿನಲ್ಲಿ ಕೀಟದ ಕಾಲಿನ ಆರು ಭಾಗಗಳನ್ನು ತಡವರಿಸದೆ ಹೇಳುವವರು ಯಾರೆಂದು ಕೇಳಿದರೆ ಹುಡುಗರು ಇವರ ಮೇಜಿನ ಕಡೆ ಕೈ ತೋರಿಸುತ್ತಾರೆ. ಮೈಗೆ ಅಂಟಿಕೊಂಡ ಮೊದಲ ತುಂಡು ಕಾಕ್ಸಾ. ಅದಕ್ಕೆ ತಗಲಿದ ಪುಟ್ಟದು ಟ್ರೊಕ್ಯಾಂಟರ್. ಆಮೇಲೆ ದಪ್ಪನೆಯ ಫೀಮರ್, ತೆಳ್ಳನೆಯ ಟಿಬಿಯಾ, ಸಣ್ಣ ಸಣ್ಣ ತುಂಡುಗಳ ಟಾರ್ಸಸ್, ತುದಿಯಲ್ಲಿ ಉಗುರಿರುವ ಪ್ರಿಟಾರ್ಸಸ್. ಪುಸ್ತಕದ ಹೆಸರುಗಳು ಅವರ ಬಾಯಿಗೆ ಬಂದದ್ದು ಆಮೇಲೆ. ಅದಕ್ಕೂ ಮೊದಲು ಅವರೇ ಇಟ್ಟುಕೊಂಡ ಹೆಸರುಗಳಿದ್ದವು: ಟೊಂಕ, ಬಿಜಾಗರಿ, ತೊಡಿ, ಕಣಕಾಲು, ಮಣಿಸರ, ಉಗುರು.

"ಮೌಶಿ, ಟ್ರೊಕ್ಯಾಂಟರ್ ಯಾಕ ಬೇಕು? ಇಷ್ಟ್ ಸಣ್ಣದು, ಪರೀಕ್ಷಾದಾಗ ನಂಗ ನೆನಪೇ ಆಗಲ್ಲ," ಎನ್ನುತ್ತಾಳೆ ಎಂ.ಎಸ್ಸಿ. ಓದುತ್ತಿರುವ ಪ್ರಾಚಿ. ಅವಳ ತಂದೆ ಬ್ಯಾಂಕಿನ ವರ್ಗಾವಣೆಯಲ್ಲಿ ಹುಬ್ಬಳ್ಳಿಯಿಂದ ಬಂದವರು.

"ನಿಮ್ಮನಿ ಬಾಗಲಕ್ಕ ಬಿಜಾಗರಿ ಯಾಕ ಬೇಕು?"

"ಬಾಗಲಾ ತೆರೀಲಿಕ್ಕೆ."

"ತೊಡಿ ಎತ್ತಲಿಕ್ಕೂ ಅದೇ ಬೇಕು. ಹೋಗು, ಬರಿ."

ಪ್ರಾಚಿಗೆ ಆ ಪ್ರಶ್ನೆಯಲ್ಲಿ ಪೂರ್ತಿ ಅಂಕ ಬಂತು. ಉಳಿದ ಪ್ರಶ್ನೆಗಳ ವಿಷಯ ಕೇಳಬಾರದೆಂದು ಅವಳೇ ಹೇಳುತ್ತಾಳೆ.

ವಿಭಾಗದ ಕಪಾಟಿನಲ್ಲಿ ನಲವತ್ತಾರು ಪೆಟ್ಟಿಗೆಗಳಿವೆ. ಅವುಗಳಲ್ಲಿ ಎರಡು ಸಾವಿರದ ಮುನ್ನೂರು ಕೀಟ. ಕೀಟಕ್ಕೆ ಆರರಂತೆ ಹದಿಮೂರು ಸಾವಿರದ ಎಂಟುನೂರು ಕಾಲು. ಕಳೆದುಹೋದ ಕಾಲುಗಳನ್ನು ಬಿಟ್ಟು ಹೇಳಿದರೆ ಹದಿಮೂರು ಸಾವಿರದ ಮೇಲೆ ಎನ್ನುವುದು ಸರಿ. ಇಷ್ಟನ್ನೂ ಪಾರ್ವತಿಬಾಯಿ ಒಬ್ಬರೇ ನೋಡಿಕೊಳ್ಳುತ್ತಾರೆ. ವಾರಕ್ಕೆ ಒಂದೆರಡು ಕಾಲು ಕೂಡಿಸುತ್ತಾರೆ, ವಾರಕ್ಕೊಮ್ಮೆ ಪೆಟ್ಟಿಗೆಗಳ ನುಸಿಗುಳಿಗೆ ಬದಲಾಯಿಸುತ್ತಾರೆ. ಹಾಜರಿ ಪುಸ್ತಕದಲ್ಲಿ ಅವರ ಹೆಸರಿನ ಮುಂದೆ ಇರುವುದು ಈಗಲೂ 'ಸ್ವಚ್ಛತೆ' ಎಂದೇ.

ಅವರು ಇಲ್ಲಿಗೆ ಬಂದದ್ದು ೨೦೦೧ರಲ್ಲಿ, ಗುತ್ತಿಗೆಯ ಮೇಲೆ ಕಸ ಗುಡಿಸಲು. ಗಂಡ ಮನ್ಮಥಪ್ಪನವರಿಗೆ ನಾಸಿಕ್ ರೋಡ್ ಸ್ಟೇಷನ್ನಿನ ಹೊರಗೆ ಗಡಿಯಾರ ರಿಪೇರಿಯ ಪುಟ್ಟ ಅಂಗಡಿ. ಅಗ್ಗದ ಬ್ಯಾಟರಿ ಗಡಿಯಾರ ಬಂದ ಮೇಲೆ ಜನ ರಿಪೇರಿಗೆ ಕೊಡುವುದು ಕಡಿಮೆಯಾಗಿ, ಮನೆಗೆ ಇನ್ನೊಂದು ದುಡಿಮೆ ಬೇಕಾಯಿತು. ಮನ್ಮಥಪ್ಪನವರ ಅಂಗಡಿಯಲ್ಲಿ ಒಂದು ಕಟ್ಟಲೆ. ಕೆಳಗೆ ಬಿದ್ದ ಸ್ಕ್ರೂ ಎಷ್ಟೇ ಸಣ್ಣದಿರಲಿ, ಸಿಗುವವರೆಗೆ ಅಂಗಡಿ ಮುಚ್ಚುವಂತಿಲ್ಲ. ಮದುವೆಯಾದ ಹೊಸದರಲ್ಲಿ ಎಷ್ಟೋ ಸಂಜೆ ಪಾರ್ವತಿಬಾಯಿಯವರೂ ಮಂಡಿಯೂರಿ ನೆಲ ಸವರಿದ್ದಾರೆ.

ಕಾಲೇಜಿಗೆ ಬಂದ ಮೊದಲ ವಾರವೇ ಕಸದ ಮೊರದಲ್ಲಿ ಅವರಿಗೆ ಕಾಲುಗಳು ಕಂಡವು. ಪಾಠದ ಹೊತ್ತಿನಲ್ಲಿ ಹುಡುಗರ ಕೈತಾಗಿ ಉದುರಿದ ಮಿಡತೆಯ ಕಾಲು, ಜಿರಲೆಯ ಕಾಲು, ಜೀರುಂಡೆಯ ಕಾಲು. ಎಸೆಯಲು ಮನಸ್ಸಾಗಲಿಲ್ಲ. ಬೆಂಕಿಪೆಟ್ಟಿಗೆಗಳಲ್ಲಿ ತುಂಬಿಟ್ಟರು. ಮನೆಯಿಂದ ಗಂಡನ ಹಳೆಯ ಚಿಮಟಿಗೆ, ಮಸೂರ ತಂದು, ಯಾರೂ ಬರುವ ಮುಂಚೆ ಒಂದೊಂದಾಗಿ ಕೂಡಿಸತೊಡಗಿದರು. ಎರಡು ತಿಂಗಳ ಮೇಲೆ ವಿಭಾಗದ ಮುಖ್ಯಸ್ಥ ರತ್ನಾಕರ ಅವರಿಗೆ ಕೀಟಗಳು ಮೊದಲಿಗಿಂತ ನೆಟ್ಟಗೆ ನಿಂತಿರುವುದು ಕಂಡಿತು. ರತ್ನಾಕರ ಬೆಳೆದದ್ದು ಓಝರ್‌ನ ವಿಮಾನ ಕಾರ್ಖಾನೆಯ ಕಾಲನಿಯಲ್ಲಿ, ಮನೆಮಾತು ಧಾರವಾಡದ ಕನ್ನಡ. ಬೈಯುತ್ತಾರೆಂದು ಹೆದರಿದ್ದ ಪಾರ್ವತಿಬಾಯಿಗೆ ಅವರು ಕಿಟಕಿ ಪಕ್ಕದ ಮೇಜು ತೋರಿಸಿ, "ಇನ್ನ ಮ್ಯಾಲ ಕಸಾ ಹೊಡದ ಮ್ಯಾಲ ಇಲ್ಲಿ ಕೂಡ್ರಿ," ಎಂದರು.

"ಆ ದಿನ ಮನಿಗಿ ಬಂದು ಮನ್ಮಥಪ್ಪಗ ಹೋಳಗಿ ಮಾಡಿ ಹಾಕ್ದೆ," ಎನ್ನುತ್ತಾರೆ ಪಾರ್ವತಿಬಾಯಿ. "ಹಬ್ಬ ಯಾವ್ದು ಅಂತ ಕೇಳಿದ್ರು. ಕುರ್ಚಿ ಹಬ್ಬ ಅಂದೆ."

ಆ ಕುರ್ಚಿ ಕೈತಪ್ಪಿತೆಂದು ಅವರು ನಂಬಿದ ದಿನವೂ ಒಂದು ಬಂತು.

೨೦೧೧ರ ಜನವರಿ. ಔರಂಗಾಬಾದಿನಲ್ಲಿ ಕಾಲೇಜುಗಳ ಕೀಟಸಂಗ್ರಹಗಳ ಪ್ರದರ್ಶನ ಏರ್ಪಾಡಾಗಿತ್ತು. ರತ್ನಾಕರ ಅವರ ಅಧ್ಯಯನವೆಲ್ಲ ಮೀನಿನದು. ಆದರೂ ತಿಂಗಳುಗಟ್ಟಲೆ ಕೂತು ಪಟ್ಟಿ ಮಾಡಿದ್ದರು. ಪ್ರಾಚಿ ಅದನ್ನು ಓದಿ ಹೇಳುತ್ತಿದ್ದಳು, ಪಾರ್ವತಿಬಾಯಿ ಪೆಟ್ಟಿಗೆ ತೆರೆದು ತಾಳೆ ನೋಡುತ್ತಿದ್ದರು. ೨೦೦೪ರಲ್ಲಿ ಚಾಂದವಡ್ ಗುಡ್ಡದಲ್ಲಿ ಸಿಕ್ಕ ಕಪ್ಪು ಜೀರುಂಡೆಯ ಸಾಲು ಬಂತು. 'ಗುರುತು ಹತ್ತದ ಅಪರೂಪದ ಬಗೆ' ಎಂದು ಅದರ ಕೆಳಗೆ ಗೆರೆ ಎಳೆದಿತ್ತು. ಜೀರುಂಡೆಗಳನ್ನು ವಿಂಗಡಿಸುವಾಗ ಟಾರ್ಸಸ್‌ನ ತುಂಡುಗಳನ್ನು ಎಣಿಸುವ ರೂಢಿ ಉಂಟು, ಪಾರ್ವತಿಬಾಯಿಯ ಲೆಕ್ಕದಲ್ಲಿ ಮಣಿಗಳನ್ನು. ಈ ಜೀರುಂಡೆಗೆ ಮುಂಗಾಲಲ್ಲಿ ಐದು, ನಡುಗಾಲಲ್ಲಿ ಐದು, ಹಿಂಗಾಲಲ್ಲಿ ನಾಲ್ಕು. ಮೈಕಟ್ಟು ನೋಡಿದರೆ ಐದೇ ಇರಬೇಕಿತ್ತು. ಅದಕ್ಕೇ ಅಪರೂಪ.

ಪಾರ್ವತಿಬಾಯಿ ಮಸೂರದಲ್ಲಿ ನೋಡಿದರು. ಹಿಂಗಾಲು ಇದ್ದದ್ದು ಒಂದೇ. ಅದರ ಬಿಜಾಗರಿಯ ಹತ್ತಿರ ಅಂಟಿನ ಸಣ್ಣ ಗೆರೆ. ಅದು ಅವರದೇ ಕೈಕೆಲಸ.

ಒಂದು ಮಳೆಗಾಲದಲ್ಲಿ ಪೆಟ್ಟಿಗೆಯೊಂದು ಬಿದ್ದು ಹತ್ತಾರು ಕಾಲುಗಳು ಬೆರೆತುಹೋಗಿದ್ದವು. ಆಗ ಅವರು ಕೈಹಿಡಿದದ್ದು ಗಡಿಯಾರದಂಗಡಿಯ ಬುದ್ಧಿಯನ್ನು. ಒಂದರ ಮುಳ್ಳು ಮುರಿದರೆ ಇನ್ನೊಂದು ಹಳೆಯ ಗಡಿಯಾರದಿಂದ ಅಷ್ಟೇ ಉದ್ದದ ಮುಳ್ಳು ತೆಗೆದು ಹಾಕುವುದು ಅಲ್ಲಿ ದಿನನಿತ್ಯದ ಕೆಲಸ.

"ಮುಳ್ಳು ಯಾವ್ದಾದ್ರೇನು, ಗಂಟಿ ಸರಿ ತೋರಸ್ತದ. ಹಂಗೇ ಅನ್ಕೊಂಡೆ. ಬಣ್ಣ ನೋಡ್ದೆ, ಉದ್ದ ನೋಡ್ದೆ. ಮಣಿ ಎಣಸ್ಲಿಲ್ಲರಿ."

ಹೇಳಿದರೆ ಸಾಹೇಬರ ಮರ್ಯಾದೆ ಹೋಗುತ್ತದೆ, ತನ್ನ ಮೇಜೂ ಹೋಗುತ್ತದೆ. ಹೇಳದಿದ್ದರೆ ಇಲ್ಲದ ಹುಳವೊಂದು ಪಟ್ಟಿಯಲ್ಲಿ ಸೇರುತ್ತದೆ. ಎರಡು ದಿನ ಅನ್ನ ಸೇರಲಿಲ್ಲ. ಮೂರನೆಯ ದಿನ ರತ್ನಾಕರ, "ದಾರ್ಯಾಗ ಕಾಲು ಮುರಿದ್ರ ನೀವ ಬೇಕು," ಎಂದು ಅವರನ್ನೂ ಔರಂಗಾಬಾದಿಗೆ ಹೊರಡಿಸಿದರು.

ಬಸ್ಸಿನಲ್ಲಿ ತೊಡೆಯ ಮೇಲೆ ಪೆಟ್ಟಿಗೆ ಇಟ್ಟುಕೊಂಡು ಪಾರ್ವತಿಬಾಯಿ ಯೇವಲಾದಲ್ಲಿ ಒಮ್ಮೆ ಬಾಯಿ ತೆರೆದರು. ರತ್ನಾಕರ ಕಪ್ಪು ಜೀರುಂಡೆಯ ಬಗ್ಗೆ ಹೇಳುತ್ತಿದ್ದರು. ವೈಜಾಪುರದ ಚಹಾದಂಗಡಿಯಲ್ಲಿ ಮತ್ತೊಮ್ಮೆ ತೆರೆದರು. ಅವರು ಇನ್ನೂ ಜೀರುಂಡೆಯ ಬಗ್ಗೆಯೇ ಹೇಳುತ್ತಿದ್ದರು.

ಪ್ರದರ್ಶನದ ಸಭಾಂಗಣದಲ್ಲಿ ಸಂಗ್ರಹಗಳನ್ನು ನೋಡುತ್ತ ಬಂದವರು ಕೀಟಶಾಸ್ತ್ರದ ಪ್ರಾಧ್ಯಾಪಕಿ ನೀರಜಾ. ರತ್ನಾಕರ ಪೆಟ್ಟಿಗೆ ತೆರೆದು, ಕಪ್ಪು ಜೀರುಂಡೆಯ ಕಡೆ ಬೆರಳು ಮಾಡಿದರು. ನೀರಜಾ ಮಸೂರ ಎತ್ತಿಕೊಂಡರು. ಹಿಂದೆ ಗೋಡೆಗೆ ಒರಗಿ ನಿಂತಿದ್ದ ಪಾರ್ವತಿಬಾಯಿಯ ಬಾಯಿಂದ ಮಾತು ಕನ್ನಡದಲ್ಲೇ ಹೊರಬಿತ್ತು.

"ಸರ್, ಆ ಹಿಂಗಾಲು ಅದರದಲ್ಲರಿ. ನಾ ಅಂಟ್ಸಿದ್ದು. ಬ್ಯಾರೆ ಹುಳದ ಕಾಲದು."

ರತ್ನಾಕರ ಕನ್ನಡಕ ತೆಗೆದರು. ಒರೆಸಿದರು. ಮತ್ತೆ ಹಾಕಿಕೊಂಡರು. ನೀರಜಾ ಮರಾಠಿಯವರೆಂದು ಎಲ್ಲರೂ ತಿಳಿದಿದ್ದರು. ಆದರೆ ಅವರ ತಂದೆ ಬ್ಯಾಂಕಿನ ಕೆಲಸಕ್ಕೆ ವಿಜಾಪುರದಿಂದ ಬಂದವರು.

"ನಂಗ ತಿಳೀತದ, ಪಣ ಬೋಲ್ತಾ ಯೇತ್ ನಾಹೀ," ಎಂದು, ಮಾತಾಡಲು ಮಾತ್ರ ಬರುವುದಿಲ್ಲವೆಂಬುದನ್ನು ಮರಾಠಿಯಲ್ಲೇ ಹೇಳಿ, ನಗುತ್ತ ನೀರಜಾ ಕುರ್ಚಿ ಎಳೆದರು. "ಮೌಶಿ, ತೋರಸ್ರಿ."

ಬಿಸಿನೀರು ತರಿಸಿದರು. ಪಾರ್ವತಿಬಾಯಿ ಕುಂಚದಿಂದ ಒಂದು ಹನಿ ಗೆರೆಯ ಮೇಲಿಟ್ಟು, ಉಸಿರು ಹಿಡಿದು ಕಾಯ್ದರು. ಅಂಟು ಸಡಿಲವಾಯಿತು. ಕಾಲು ಕಳಚಿ ಬಂತು. ಮೈಯಲ್ಲಿ ಉಳಿದದ್ದು ಅದರ ಸ್ವಂತ ಟೊಂಕ ಮತ್ತು ಅವರೆಬೀಜದಂಥ ದೊಡ್ಡ ಬಿಜಾಗರಿ. ಕೈಗೆ ಬಂದ ಕಾಲಿನ ತೊಡೆಗೆ ತನ್ನದೇ ಬಿಜಾಗರಿಯ ಮುರುಕು ಇನ್ನೂ ಕಚ್ಚಿಕೊಂಡಿತ್ತು.

"ಒಂದು ಕಾಲಿಗಿ ಎರಡು ಬಿಜಾಗರಿ ಇರಂಗಿಲ್ಲರಿ," ಎಂದರು ಪಾರ್ವತಿಬಾಯಿ.

ಸುತ್ತ ನೆರೆದಿದ್ದ ಪ್ರಾಧ್ಯಾಪಕರೆಲ್ಲ ಬಗ್ಗಿ ನೋಡಿದರು. ನೀರಜಾ ಪರೀಕ್ಷಿಸಿ, ಇದು ನೆಲದ ಮೇಲೆ ಓಡಾಡುವ ಸಾಮಾನ್ಯ ಜೀರುಂಡೆ, ಚಾಂದವಡ್‌ನಲ್ಲಿ ಕಲ್ಲೆತ್ತಿದಲ್ಲೆಲ್ಲ ಸಿಗುತ್ತದೆ ಎಂದರು. ರತ್ನಾಕರ ಜೇಬಿನಿಂದ ಪೆನ್ನು ತೆಗೆದು ತಮ್ಮ ಕೈಯಿಂದಲೇ ಆ ಸಾಲು ಹೊಡೆದುಹಾಕಿದರು.

"ಪಾರ್ವತಿಬಾಯಿ, ವೈಜಾಪುರದಾಗ ಹೇಳಿದ್ರ ನಾ ಚಹಾ ಆದ್ರೂ ಸುಮ್ನ ಕುಡೀತಿದ್ನಲ್ಲ?"

"ಹೇಳಬೇಕಂತ ಬಾಯಿ ತೆಗ್ದಿದ್ದೆರಿ ಸರ್. ನೀವು ಎಡಿ ಕೊಡ್ಲಿಲ್ಲ."

ಮೊದಲು ನಕ್ಕವರು ನೀರಜಾ. ಆಮೇಲೆ ಇಡೀ ಸಭಾಂಗಣ. ಕೊನೆಗೆ, ತುಸು ತಡವಾಗಿ, ರತ್ನಾಕರ.

ಪ್ರದರ್ಶನದ ಬಹುಮಾನ ಬೇರೆ ಕಾಲೇಜಿಗೆ ಹೋಯಿತು. ನಾಸಿಕ್‌ಗೆ ಮರಳಿದ ಮರುದಿನ ಬೆಳಿಗ್ಗೆ ಪಾರ್ವತಿಬಾಯಿ ಚಿಮಟಿಗೆ, ಮಸೂರ, ಕುಂಚ ಮೂರನ್ನೂ ರತ್ನಾಕರ ಅವರ ಮೇಜಿನ ಮೇಲಿಟ್ಟು, "ಇನ್ನ ಮ್ಯಾಲ ಕಸಾ ಅಷ್ಟೇ ಹೊಡೀತೀನ್ರಿ," ಎಂದರು. ರತ್ನಾಕರ ತಲೆ ಎತ್ತಲಿಲ್ಲ.

"ಒಟ್ಟು ಎಷ್ಟು ಕಾಲು ಅಂಟಿಸೀರಿ?"

"ನಾನೂರಾ ಹನ್ನೆರಡರಿ."

"ಅವನ್ನೆಲ್ಲಾ ಮತ್ತ ಎಣಸೋರು ಯಾರು? ನಾನು? ಮೀನಿಗಿ ಕಾಲೇ ಇರಂಗಿಲ್ಲ ಪಾರ್ವತಿಬಾಯಿ. ಹೋಗ್ರಿ, ನಿಮ್ಮ ಮೇಜಿಗೆ ಕೂಡ್ರಿ."

ಅಂದಿನಿಂದ ಈ ವಿಭಾಗದಲ್ಲಿ ಒಂದು ಹೊಸ ಪದ್ಧತಿ. ಕಾಲು ಕೂಡಿಸಿದ ಪ್ರತಿ ಕೀಟವನ್ನು ಚುಚ್ಚಿಟ್ಟ ಗುಂಡುಸೂಜಿಗೆ ಹಸಿರು ದಾರದ ಒಂದು ಸುತ್ತು. ಅದನ್ನು ನೋಡಿದವರಿಗೆ ಇದು ದುರಸ್ತಿಯಾದದ್ದು ಎಂದು ಗೊತ್ತಾಗಬೇಕು. ಮಣಿ ಎಣಿಸಿ ಹೊಂದಿಕೆಯಾಗದೆ ಪಾರ್ವತಿಬಾಯಿ ಒಂದು ಕಾಲನ್ನೂ ಅಂಟಿಸುವುದಿಲ್ಲ. ನಾನೂರ ಹನ್ನೆರಡನ್ನೂ ಮತ್ತೆ ಪರೀಕ್ಷಿಸಲು ಹದಿನಾಲ್ಕು ತಿಂಗಳು ಹಿಡಿಯಿತು. ಒಂಬತ್ತು ತಪ್ಪು ಸಿಕ್ಕವು. ಈ ಒಂಬತ್ತನ್ನು ಅವರು ಯಾರೂ ಕೇಳದಿದ್ದರೂ ಹೇಳುತ್ತಾರೆ, ಪೆಟ್ಟಿಗೆಯ ಸಂಖ್ಯೆಯ ಸಮೇತ. ಔರಂಗಾಬಾದಿನಿಂದ ನೀರಜಾ ಈಗ ರಜೆ ಬಂದಾಗಲೆಲ್ಲ ತಮ್ಮ ಮುರುಕು ಕೀಟಗಳನ್ನು ಕಳಿಸುತ್ತಾರೆ. ಪೆಟ್ಟಿಗೆಯ ಮೇಲೆ ವಿಭಾಗದ ಹೆಸರಿರುವುದಿಲ್ಲ, 'ಪಾರ್ವತಿಬಾಯಿಯವರಿಗೆ' ಎಂದಿರುತ್ತದೆ. ಮನ್ಮಥಪ್ಪನವರು ಅಂಥ ಒಂದು ಚೀಟಿಯನ್ನು ಅಂಗಡಿಯ ಗಾಜಿನೊಳಗೆ ಅಂಟಿಸಿಕೊಂಡಿದ್ದಾರೆ. ಗಡಿಯಾರ ಕೊಡಲು ಬಂದವರು ಅದೇನೆಂದು ಕೇಳದಿದ್ದರೆ ಅವರಿಗೆ ಬೇಸರ.

ಇನ್ನೇನಾದರೂ ಆಸೆ ಇದೆಯೇ ಎಂದರೆ ಪಾರ್ವತಿಬಾಯಿ ಕೈಯಲ್ಲಿದ್ದ ಮಿಡತೆಯನ್ನು ಒಣಗಲು ಬದಿಗಿಡುತ್ತಾರೆ. ಹನ್ನೊಂದು ವರ್ಷದಲ್ಲಿ ಇಷ್ಟೊಂದು ಕಾಲು ಕೂಡಿಸಿದ ಅವರು, ಆ ಕಪ್ಪು ಜೀರುಂಡೆ ಜೀವಂತ ಇರುವುದನ್ನು ಒಮ್ಮೆಯೂ ನೋಡಿಲ್ಲ. ಮೊದಲ ಮಳೆ ಬಿದ್ದ ಮೇಲೆ ಹುಡುಗರ ಜೊತೆ ಚಾಂದವಡ್ ಗುಡ್ಡಕ್ಕೆ ಕರೆದೊಯ್ಯುವುದಾಗಿ ರತ್ನಾಕರ ಮಾತು ಕೊಟ್ಟಿದ್ದಾರೆ.

"ಹಿಡಿಯೋದು ಬ್ಯಾಡರಿ," ಎನ್ನುತ್ತಾರೆ ಪಾರ್ವತಿಬಾಯಿ. "ಕಲ್ಲು ಎತ್ತಬೇಕು, ಅದು ಆರೂ ಕಾಲ್ಮ್ಯಾಲ ಓಡಬೇಕು, ನಾ ಕುಂತು ನೋಡಬೇಕು. ಯಾರೂ ಅಂಟ್ಸದ ಕಾಲು ಹ್ಯಾಂಗ ಓಡ್ತಾವ ಅಂತ."