ನಾಟಕದಲ್ಲಿ ಇಲ್ಲದ ಮಾತು

ಮೊನ್ನೆ ಮೊಮ್ಮಗಳ ಶಾಲೆಯ ಗ್ಯಾದರಿಂಗಿನಲ್ಲಿ ಮಕ್ಕಳ ಮುಖಕ್ಕೆ ಬಣ್ಣ ಹಚ್ಚುತ್ತಿದ್ದರು. ಕೊಬ್ಬರಿ ಎಣ್ಣೆಯಲ್ಲಿ ಕಲಸಿದ ಆ ಬಣ್ಣದ ವಾಸನೆ ಮೂಗಿಗೆ ಬಡಿದದ್ದೇ ತಡ, ಮೂಲಿಮನಿ ಕಾಕು ನೆನಪಾದಳು. ಇಳಕಲ್ಲಿನ ನಮ್ಮ ಓಣಿಯವಳು, ಚಿಕ್ಕಮ್ಮನಂತೆ ಎಲ್ಲರಿಗೂ ಕಾಕು. ನಾಟಕ ಕಂಪನಿಯಲ್ಲಿ ತಾಯಿಯ ಪಾತ್ರ ಅವಳದೇ. ಬೇರೆಯವರು ಮಾಡಿದರೆ ಅದು ಬರೀ ನಾಟಕ.

ಟೆಂಟಿಗೆ ಜನ ಕಡಿಮೆಯಾಗಿ ಕಂಪನಿ ಇಂದೋ ನಾಳೆಯೋ ಎನ್ನುವಂತಿತ್ತು. ಆಗ ಬೆಂಗಳೂರಿನ ಟಿವಿಯವರು ಅವರ ಒಂದು ನಾಟಕವನ್ನು ಸ್ಟುಡಿಯೋದಿಂದ ನೇರಪ್ರಸಾರ ಮಾಡಲು ಕರೆದರು. ಚೆನ್ನಾಗಿ ಆದರೆ ಇನ್ನಷ್ಟು ನಾಟಕ ತೆಗೆದುಕೊಳ್ಳುತ್ತಾರೆ, ಕೆಟ್ಟರೆ ಕಂಪನಿಯ ಕಥೆ ಮುಗಿಯಿತು.

“ಸಿನಿಮಾದಂಗ ಮತ್ತೊಮ್ಮೆ ತಗಿಯೂದಿಲ್ಲಂತ. ತಪ್ಪಿದ್ರ ಎಲ್ಲಾರೂ ನೋಡ್ತಾರ,” ಎನ್ನುತ್ತಲೇ ಕಾಕು ಬಸ್ಸು ಹತ್ತಿದಳು.

ಆ ಸಂಜೆ ಓಣಿಗೆ ಓಣಿಯೇ ನಮ್ಮ ಮನೆಯ ಟಿವಿ ಮುಂದೆ. ನಾಟಕ ಎಲ್ಲರಿಗೂ ಬಾಯಿಪಾಠ. ಮನೆ ಬಿಟ್ಟು ಹೋದ ಮಗ ತಿರುಗಿ ಬಂದು, ಹೊಸ್ತಿಲಲ್ಲಿ ನಿಂತು, “ಅವ್ವಾ, ತಪ್ಪಾತು” ಎನ್ನಬೇಕು. ಟೆಂಟಿನಲ್ಲಾದರೆ ಆ ಹುಡುಗ ಕಾಲಿಟ್ಟ ಕೂಡಲೇ ಚಪ್ಪಾಳೆ, ಸಿಳ್ಳು. ಅದು ಇಳಿದ ಮೇಲೆಯೇ ಅವನು ಬಾಯಿ ಬಿಡುವುದು. ಸ್ಟುಡಿಯೋದಲ್ಲಿ ಚಪ್ಪಾಳೆ ಹೊಡೆಯಲು ಯಾರಿದ್ದಾರೆ? ರೂಢಿಯಂತೆ ಬಂದ, ನಿಂತ... ನಿಂತೇ ಇದ್ದ. ಮಾತು ಹಾರಿಹೋಗಿತ್ತು. ನಾವು ಇಲ್ಲಿ ಕೂತು ಹುಚ್ಚರಂತೆ ಚಪ್ಪಾಳೆ ಹೊಡೆದದ್ದೇ ಹೊಡೆದದ್ದು.

ಅಲ್ಲಿ ತಾಯಿಯಾಗಿ ಒಲೆಯ ಮುಂದಿದ್ದ ಕಾಕು ರೊಟ್ಟಿ ಬಡಿಯುವುದನ್ನು ನಿಲ್ಲಿಸಲಿಲ್ಲ. ತಲೆ ಎತ್ತಿ, “ಯಾಕೋ, ನಿನ್ನ ಮನಿ ಬಾಗಲಾ ಮರತಿ ಏನು? ಕೈಕಾಲು ತೊಳಕೊಂಡು ಬಾ, ರೊಟ್ಟಿ ಆರತಾವ,” ಎಂದಳು.

ಹುಡುಗ ಗಳಗಳನೆ ಅತ್ತ. ಅಳುತ್ತಲೇ ಅವನ ಮಾತು ಬಂತು, ನಾಟಕ ಮುಂದೆ ನಡೆಯಿತು.

“ಅಯ್ಯ, ಈ ಮಾತು ನಾಟಕದಾಗ ಎಲ್ಲೈತಿ?” ಎಂದಳು ನಮ್ಮವ್ವ.

ಟಿವಿಯವರು ಅದೇ ದೃಶ್ಯವನ್ನು ಹೊಗಳಿ ಕಂಪನಿಯನ್ನು ಮತ್ತೆ ಕರೆಸಿದರು. ಟೆಂಟೂ ತುಂಬತೊಡಗಿತು. ಊರಿಗೆ ಬಂದ ಕಾಕುವನ್ನು ಕೇಳಿದರೆ, “ಮಗಾ ಬಾಗಲದಾಗ ನಿಂತ್ರ ಒಳಗ ಕರಿಯೂದಿಲ್ಲೇನು? ಅದನ್ನೂ ಬರದು ಕೊಡಬೇಕೇನು?” ಎಂದು ನಕ್ಕುಬಿಟ್ಟಳು.

ಕಾಕು ತೀರಿಕೊಂಡು ಈಗ ವರ್ಷವಾಯಿತು. ಮೊಮ್ಮಗಳು ಆ ನಾಟಕವನ್ನು ಮೊಬೈಲಿನಲ್ಲಿ ಹುಡುಕಿದಳು, ಸಿಗಲಿಲ್ಲ. ಟೇಪು ಮಾಡಿರಲೇ ಇಲ್ಲವಂತೆ. ಸಂಕಟವಾಯಿತು... ಆದರೂ ಒಂದು ಹೆಮ್ಮೆ ಇದೆ. ಅಂದು ನಾಡಿಗೆಲ್ಲ ಕಂಡವಳು ಮಗನನ್ನು ಊಟಕ್ಕೆ ಕರೆದ ಒಬ್ಬ ತಾಯಿ. ಬೀಳುತ್ತಿದ್ದ ಕಂಪನಿಯನ್ನು ಒಂದೇ ಮಾತಿನಲ್ಲಿ ಹಿಡಿದು ನಿಲ್ಲಿಸಿದವಳನ್ನು ಕಂಡದ್ದು ನಾಟಕ ಬಾಯಿಪಾಠವಿದ್ದ ನಮ್ಮ ಓಣಿ ಮಾತ್ರ.