ಕ್ಯಾಮೆರಾಗೆ ಬೆನ್ನು

ಎಂಬತ್ತರ ದಶಕದ ಕೊನೆಯ ವರ್ಷಗಳಲ್ಲಿ ನಾನು ಮಸ್ಕತ್‌ನ ಅಲ್ ಖುವೈರ್‌ನಲ್ಲಿದ್ದ ಒಂದು ಕಂಪನಿಯಲ್ಲಿ ಲೊಕೇಶನ್ ಮ್ಯಾನೇಜರ್ ಆಗಿದ್ದೆ. ಹೊರದೇಶದ ಚಿತ್ರತಂಡಗಳಿಗೆ ಜಾಗ ಹುಡುಕುವುದು, ಪರ್ಮಿಟ್ ಮಾಡಿಸುವುದು, ಗಾಡಿ, ಊಟ, ನೀರು ಒದಗಿಸುವುದು ನನ್ನ ಕೆಲಸ. ಆಗ ದುಕ್ಮ್ ಕಡೆಯ ಮರಳುಗಾಡಿನ ಬಯಲಿನಲ್ಲಿ ಚಿತ್ರೀಕರಣಕ್ಕೆಂದು ಜರ್ಮನ್ ತಂಡವೊಂದು ಬಂತು.

ಅದರಲ್ಲಿ ಹೈನ್ಸ್ ಎಂಬ ಪೋಷಕನಟನಿದ್ದ. ಅರವತ್ತು ದಾಟಿದ ಮನುಷ್ಯ. ಜೀವಮಾನವಿಡೀ ಹೋಟೆಲ್ ಮಾಣಿ, ಪೊಲೀಸ್ ಪೇದೆ, ಮೊದಲ ರೀಲಿನಲ್ಲೇ ಸಾಯುವ ನೆರೆಮನೆಯವ, ಇಂಥ ಪಾತ್ರಗಳನ್ನೇ ಮಾಡಿದವನು. ಲೊಕೇಶನ್‌ಗೆ ಹೋಗುವಾಗ ನಾಯಕನಿಗೆ ಪ್ರತ್ಯೇಕ ಕಾರು. ಹೈನ್ಸ್ ನನ್ನ ಜೀಪಿನಲ್ಲಿ ಬರುತ್ತಿದ್ದ. ಹಾಗೆ ಒಂದು ದಿನ ಹೇಳಿದ:

“ಇದೇ ನಿರ್ದೇಶಕ, ಇದೇ ನಾಯಕ. ಹಿಂದೆ ಒಂದೇ ಒಂದು ಸಲ ನನಗೆ ದೊಡ್ಡ ಪಾತ್ರ ಕೊಟ್ಟಿದ್ದರು. ಮೊದಲ ಪ್ರದರ್ಶನಕ್ಕೆ ಹೆಂಡತಿಯನ್ನು ಕರೆದುಕೊಂಡು ಹೋದೆ. ತೆರೆಯ ಮೇಲೆ ನನ್ನ ಮುಖವೇ ಇರಲಿಲ್ಲ. ಬಾಗಿಲು ತೆಗೆಯುವ ಒಂದು ಕೈ ಉಳಿದಿತ್ತು, ಅಷ್ಟೇ. ನಾನು ಚೆನ್ನಾಗಿ ಮಾಡಿದ್ದೇ ತಪ್ಪಾಯಿತಂತೆ. ನಾಯಕ ಹೇಳಿದ, ನಿರ್ದೇಶಕ ಕತ್ತರಿಸಿದ. ಅಂದಿನಿಂದ ನನ್ನ ಚಿತ್ರವೆಂದರೆ ಅವಳು ಥಿಯೇಟರಿಗೆ ಬರುವುದಿಲ್ಲ.”

“ಮತ್ತೆ ಈ ಚಿತ್ರ ಯಾಕೆ ಒಪ್ಪಿಕೊಂಡಿರಿ?”

“ಇವರಿಬ್ಬರೂ ಮತ್ತೆ ಒಟ್ಟಿಗೆ ಸಿಗಲಿ ಎಂದು ಕಾಯುತ್ತಿದ್ದೆ.”

ಚಿತ್ರದಲ್ಲಿ ಅವನದು ನಾಯಕನಿಗೆ ಮೋಸ ಮಾಡಿದ ಗೆಳೆಯನ ಪಾತ್ರ. ಕೊನೆಯಲ್ಲಿ, ನೀರಿಲ್ಲದ ಬಯಲಿನಲ್ಲಿ ನಾಯಕನ ಕಾಲಿಗೆ ಬಿದ್ದು ತಪ್ಪೊಪ್ಪಿಕೊಳ್ಳಬೇಕು. ಆ ಮಾತುಗಳಿಲ್ಲದೆ ಕಥೆ ಯಾರಿಗೂ ಅರ್ಥವಾಗುವಂತಿರಲಿಲ್ಲ. ಆದರೂ ನಿರ್ದೇಶಕನ ಅಪ್ಪಣೆ ಹೀಗಿತ್ತು: ಹೈನ್ಸ್ ಕ್ಯಾಮೆರಾಗೆ ಬೆನ್ನು ಹಾಕಿ ಮಾತಾಡಬೇಕು, ಕಾಣಬೇಕಾದ್ದು ನಾಯಕನ ಮುಖ. ಈ ದೃಶ್ಯಕ್ಕೆ ಎರಡು ದಿನದ ಪರ್ಮಿಟ್ ತೆಗೆದುಕೊಳ್ಳೋಣ ಎಂದು ನಾನು ಮೊದಲೇ ಹೇಳಿದ್ದೆ. “ಆ ಮುದುಕನ ಬೆನ್ನಿಗೆ ಒಂದು ಸಂಜೆ ಸಾಕು” ಎಂದು ನಿರ್ದೇಶಕ ನಕ್ಕಿದ್ದ. ಹೈನ್ಸ್ ಪಕ್ಕದಲ್ಲೇ ನಿಂತು ಕೇಳಿಸಿಕೊಂಡಿದ್ದ.

ರಿಹರ್ಸಲ್‌ನಲ್ಲಿ ಹೇಳಿದಂತೆ ಮಾಡಿದ. ಬೆಳಕು ಕೆಂಪಾಗುತ್ತಿದ್ದಂತೆ ಕ್ಯಾಮೆರಾ ಓಡಿತು. ಹೈನ್ಸ್ ತೆವಳುತ್ತಾ ಬಂದ, ನಾಯಕನ ಮೊಣಕಾಲುಗಳನ್ನು ತಬ್ಬಿ ಹಿಡಿದ, ಅಳುತ್ತಲೇ ಅವನನ್ನು ಅನಾಮತ್ತಾಗಿ ತಿರುಗಿಸಿಬಿಟ್ಟ. ಈಗ ಕ್ಯಾಮೆರಾಗೆ ನಾಯಕನ ಬೆನ್ನು. ಅವನ ಕಾಲ ಪಕ್ಕಕ್ಕೆ ಚಾಚಿದ ಹೈನ್ಸ್‌ನ ಮುಖದ ಮೇಲೆ ಇಡೀ ಸೂರ್ಯ. ನಾಯಕ ಬಿಡಿಸಿಕೊಳ್ಳಲು ನೋಡಿದ. ಹಿಡಿತ ಸಡಿಲವಾಗಲಿಲ್ಲ. ನಿಲ್ಲಿಸಿದರೆ ಬೆಳಕು ಹೋಗುತ್ತದೆ. ನಿರ್ದೇಶಕ ‘ಕಟ್’ ಎನ್ನದೆ ಕ್ಯಾಮೆರಾ ಓಡಲು ಬಿಟ್ಟ. ಹೈನ್ಸ್ ಒಂದು ಮಾತನ್ನೂ ತಪ್ಪದೆ ಹೇಳಿ ಮುಗಿಸಿದ. ಅಷ್ಟು ಒಳ್ಳೆಯ ನಟನೆಯನ್ನು ನಾನು ಹತ್ತಿರದಿಂದ ಮತ್ತೆ ನೋಡಿಲ್ಲ.

ನಾಯಕ ಹ್ಯಾಟನ್ನು ಮರಳಿಗೆ ಬೀಸಿ ಒಗೆದ. ನಿರ್ದೇಶಕ ನನ್ನ ಕಡೆ ತಿರುಗಿದ. “ನಾಳೆ ಮತ್ತೆ ತೆಗೆಯುತ್ತೇವೆ. ಪರ್ಮಿಟ್ ಮಾಡಿಸು.”

ಜೊತೆಗಿದ್ದ ಒಮಾನಿ ಅಧಿಕಾರಿಯನ್ನು ಕೇಳಿದೆ. ಅವರು ಅಡ್ಡಡ್ಡ ತಲೆಯಾಡಿಸಿದರು. “ಇವತ್ತಿಗೇ ಮುಗೀತು. ಖಲಾಸ್.”

ಆ ಮಾತನ್ನು ನಿರ್ದೇಶಕನಿಗೆ ದಾಟಿಸುವಾಗ ನನಗೆ ಒಳಗೊಳಗೇ ಹಿತವಾಯಿತು.

ವಾಪಸು ಬರುವಾಗ ನಮ್ಮ ಉಡುಪಿಯ ಡ್ರೈವರ್ ಜೆರ್ರಿ ಕೇಳಿದ, “ಎಂತ ಮಾರಾಯ್ರೆ, ಈ ಅಜ್ಜ ಬೇಕೂಂತಲೇ ಮಾಡಿದ್ದಲ್ವಾ?”

ಕನ್ನಡ ಬಾರದ ಹೈನ್ಸ್‌ಗೂ ಪ್ರಶ್ನೆ ಅರ್ಥವಾಗಿರಬೇಕು. “ಈಗ ಕತ್ತರಿಸಲಿ” ಎಂದ.

ಕತ್ತರಿಸಲಾಗಲಿಲ್ಲ. ಮುಂದೆ ಆ ಚಿತ್ರದ ಕ್ಯಾಸೆಟ್ ನೋಡಿದೆ; ದೃಶ್ಯ ಪೂರ್ತಿ ಹಾಗೇ ಇತ್ತು. ತೊಂಬತ್ತರ ಆರಂಭದಲ್ಲೊಮ್ಮೆ ಹೈನ್ಸ್ ಆಫೀಸಿಗೆ ಫೋನ್ ಮಾಡಿದ. ಇವನು ಹೇಳಿದ ಮಾತು ಕೇಳುವವನಲ್ಲ ಎಂದು ಆ ನಿರ್ದೇಶಕ ಊರೆಲ್ಲ ಹೇಳಿಕೊಂಡು ಬಂದಿದ್ದರಿಂದ ಹೈನ್ಸ್‌ನನ್ನು ಮತ್ತೆ ಯಾರೂ ಕೆಲಸಕ್ಕೆ ಕರೆದಿರಲಿಲ್ಲ. “ಬೇಸರವಿಲ್ಲವೇ?” ಎಂದು ಕೇಳಿದೆ.

“ಹೆಂಡತಿ ಥಿಯೇಟರಿಗೆ ಬಂದಿದ್ದಳು” ಎಂದ.

ಹೊರದೇಶದಲ್ಲಿ ಹಲವು ಮೇಲಧಿಕಾರಿಗಳ ಕೈಕೆಳಗೆ ದುಡಿದವನು ನಾನು. ಸೇಡು ಎಂದರೆ ಕೂಗಾಟ, ಇಲ್ಲವೇ ರಾಜೀನಾಮೆ ಎಂದುಕೊಂಡಿದ್ದೆ. ಕೆಲಸವನ್ನು ಕೆಡಿಸದೆ, ಎಂದಿಗಿಂತ ಚೆನ್ನಾಗಿ ಮಾಡಿಯೇ ಅದನ್ನು ತೀರಿಸಿಕೊಳ್ಳಬಹುದೆಂದು ಕಲಿಸಿದವನು ಹೈನ್ಸ್. ಅದಕ್ಕೆ ಅವನು ತೆತ್ತಷ್ಟು ಬೆಲೆಯನ್ನು ತೆರುವ ಧೈರ್ಯ ನನಗೆ ಎಂದೂ ಬರಲಿಲ್ಲ.